ಖಾಲಿ ಕೋಣೆಯ ಒಂದು ನಿಮಿಷ

ಖಾನಾಪುರದ ನಿವೃತ್ತ ಹವಾಲ್ದಾರ ತ್ರ್ಯಂಬಕರು ತಮ್ಮ ಮಿತ್ರನ ಮರಣವನ್ನು ಆ ಬೆಳಿಗ್ಗೆ ಮೂರನೆಯ ಸಲ ಹೇಳಿ ಮುಗಿಸಿದರು. ಮೊದಲ ಸಲ ನಾಯಿ ಬೊಗಳಿತ್ತು. ಎರಡನೆಯ ಸಲ ಕ್ಯಾಮರಾದ ಬ್ಯಾಟರಿ ತೀರಿತ್ತು. ಎಪ್ಪತ್ತೊಂದರ ಯುದ್ಧದಲ್ಲಿ ದೇಸೂರಿನ ಇಮಾಮಹುಸೇನನು ಎದೆಗೆ ಗುಂಡು ತಗುಲಿ, ನೋವನ್ನರಿಯದೆ, ಕ್ಷಣಾರ್ಧದಲ್ಲಿ ಅಸುನೀಗಿದನೆಂಬ ಆ ವೃತ್ತಾಂತವು ಶಾಲೆಗಳ ವೇದಿಕೆಗಳ ಮೇಲೆ ಐದು ದಶಕ ಪಾರಾಯಣಗೊಂಡು, ಒಂದು ಪದವೂ ಕದಲದಷ್ಟು ನಯವಾಗಿತ್ತು. ಅವನ ಪತ್ನಿ ಮದರಬೀಗೆ ತಾವು ಅಂದು ಬರೆದ ಪತ್ರದಲ್ಲಿಯೂ ಇದೇ ಇತ್ತು.

“ಮುಗೀತಿಲ್ಲೋ ನಿಮ್ದು? ಒಬ್ಬನ್ನ ಎಷ್ಟ ಸಲ ಕೊಲ್ಲಸ್ತೀರಿ ನನ್ನ ಕಡಿಂದ?”

ಸಾಮಾನ್ಯ ಸೈನಿಕರ ಅನುಭವಗಳನ್ನು ಸಾಕ್ಷ್ಯಚಿತ್ರವಾಗಿಸಲು ಬೆಳಗಾವಿಯಿಂದ ಬಂದಿದ್ದ ಮುಗ್ಧಾ ಕ್ಷಮೆ ಕೇಳಿದಳು. ಧ್ವನಿಮುದ್ರಣದ ಶಾಕಿರ ಮಾತ್ರ ಕಿವಿಯ ಹೆಡ್‌ಫೋನ್ ತೆಗೆಯಲಿಲ್ಲ.

“ಮುಗೀತ್ರಿ ಅಜ್ಜಾರ. ಇನ್ನೊಂದು ನಿಮಿಷ ಯಾರೂ ಅಲುಗಾಡಬ್ಯಾಡ್ರಿ. ಖಾಲಿ ಖೋಲಿ ಸಪ್ಪಳಾ ಹಿಡೀತೀನಿ. ಮಾತು ಕತ್ತರಿಸಿದ ಕಡೆ ತೇಪಿ ಹಾಕಾಕ ಬೇಕಾಗತೈತಿ.”

“ಖಾಲಿ ಖೋಲ್ಯಾಗ ಎಂಥಾ ಸಪ್ಪಳೋ, ಮಳ್ಳಾ?”

ಆದರೂ ಅವರು ಆಜ್ಞೆಗೆ ಒಗ್ಗಿದ ದೇಹದವರು, ನೆಟ್ಟಗೆ ಕುಳಿತರು. ನಿಶ್ಶಬ್ದ ಬೆಳೆಯಿತು. ಯುದ್ಧದ ಆ ರಾತ್ರಿ ಕಂದಕದಲ್ಲಿ ದೊರೆತ ಆಜ್ಞೆಯೂ ಇದೇ ಆಗಿತ್ತು. ನಲವತ್ತು ಸೆಕೆಂಡು ಕಳೆದಿರಬೇಕು.

“ಅವ ಲಗೂನ ಸಾಯಲಿಲ್ಲ, ಯವ್ವಾ,” ಎಂದರು ತ್ರ್ಯಂಬಕರು. “ಹೊತ್ತು ಮೂಡೂತನಾ ನೀರು ಬೇಡಿದ. ಹತ್ತ ಮಾರು ದೂರ. ಅಲುಗಾಡಬ್ಯಾಡ್ರಿ ಅಂತ ಹುಕುಮ್ ಇತ್ತು. ನಾ ಹೋಗಲಿಲ್ಲ.”

ಬಳಿಕ ಶಾಕಿರನ ಕಡೆ ತಿರುಗಿ, “ಅದನ್ನ ಅಳಸು,” ಎಂದರು.

“ಅಳಸ್ತೀನ್ರಿ. ಆದ್ರ ಮೊದಲಿಂದು ಸುಳ್ಳಂತ ಗೊತ್ತಾದ ಮ್ಯಾಲ ಅದನ್ನ ಹೆಂಗ ತೋರಸ್ಲಿ? ಎರಡೂ ಅಳಸಿದ್ರ ಇಮಾಮಹುಸೇನರು ಚಿತ್ರದಾಗನ ಇರೂದಿಲ್ಲ,” ಎಂದಳು ಮುಗ್ಧಾ.

ಚಿತ್ರವನ್ನು ಮೊದಲು ಮದರಬೀಗೆ ತೋರಿಸುವುದೆಂದು ಮಾತಾಗಿತ್ತು. ತ್ರ್ಯಂಬಕರು ಗೋಡೆ ಹಿಡಿದು ಎದ್ದರು.

“ದೇಸೂರಕ್ಕ ಹೋಗೂಣು. ಆಕಿಗೆ ಪಡದೆ ಮ್ಯಾಲ ತಿಳಿಯೂದು ಬ್ಯಾಡ.”

ದೇಸೂರಿನ ಅಂಗಳದಲ್ಲಿ ಮದರಬೀ ಅಕ್ಕಿ ಆರಿಸುತ್ತಿದ್ದರು. ತ್ರ್ಯಂಬಕರು ನಿಂತೇ ಹೇಳಿದರು. ಎಂದೂ ಹೇಳಿರದ ಮಾತಾದುದರಿಂದ ಅದು ತಡವರಿಸಿತು, ಹಿಂದುಮುಂದಾಯಿತು. ಮೊರದೊಳಗಿನ ಕೈ ನಿಂತಿತು.

“ಎಷ್ಟ ತಾಸು?”

“ಆರು.”

“ಇಷ್ಟು ವರ್ಷ ಈದಿಗೆ ಬಂದು ನನ್ನ ಕೈಲೆ ಶೀರಕುರ್ಮಾ ಉಂಡ್ರಲ್ಲ, ಭಾಯಿ.”

ಮುಗ್ಧಾ ಮೆಲ್ಲನೆ, “ಚಿತ್ರದಾಗಿಂದ ಅಷ್ಟು ತಗೀಲೇನ್ರಿ, ಅಮ್ಮಾ?” ಎಂದಳು.

“ಯಾಕ ತಗೀತಿ? ಆರು ತಾಸು ಜೀವ ಇತ್ತಲ್ಲ ಅವರಿಗೆ. ಅದೂ ಅವರ ಆಯುಷ್ಯನ. ಇರಲಿ.” ಬಳಿಕ ತ್ರ್ಯಂಬಕರ ಕಡೆ ನೋಡದೆ, “ನೀವು ಈ ಈದಿಗೆ ಬರಬ್ಯಾಡ್ರಿ. ಮುಂದಿಂದು ನೋಡೂಣು,” ಎಂದರು.

ಆಗಲೆಂದರು ತ್ರ್ಯಂಬಕರು. ಆಕೆ ಮತ್ತೆ ಅಕ್ಕಿಯೊಳಗೆ ಬೆರಳಾಡಿಸತೊಡಗಿದರು, ಕುಳಿತುಕೊಳ್ಳಿರೆಂದು ಹೇಳಲಿಲ್ಲ.