ಗಾಣದ ಒಲೆಯಲ್ಲಿ ಹನ್ನೊಂದು ಜನ

ಬಿರುಗಾಳಿ ಬರುತ್ತದೆಂದು ರೇಡಿಯೋದಲ್ಲಿ ಹೇಳಿದ್ದೇ ತಡ, ಕೃಷ್ಣಾ ಹೊಳೆಯ ನಡುಗಡ್ಡೆಯ ನಾಲ್ಕು ಮನೆಯವರೂ ಜೋಳದ ಚೀಲ, ಕೋಳಿ, ಹಾಸಿಗೆಗಳನ್ನು ಅಟ್ಟಕ್ಕೆ ಏರಿಸತೊಡಗಿದರು. ಅವರು ಕಂಡಿದ್ದ ಆಪತ್ತು ಒಂದೇ, ನೀರು. ಏನೇ ಬರಲಿ, ಮೇಲೆ ಹತ್ತುವುದು. ಇದ್ದ ಒಂದು ದೋಣಿ ಐನಾಪುರದ ದಂಡೆಯಲ್ಲಿ ಸಿಕ್ಕಿಕೊಂಡಿತ್ತು; ಭೀಮಾಬಾಯಿಯ ಗಂಡನೂ ಅಲ್ಲೇ.

ಭೀಮಾಬಾಯಿಯ ತಲೆಯಿಂದ ರೇಡಿಯೋದ ಒಂದು ಮಾತು ಇಳಿಯಲಿಲ್ಲ. ತಾಸಿಗೆ ನೂರು ಕಿಲೋಮೀಟರ್. ಅವಳ ತವರು ನಿಪ್ಪಾಣಿ. ಅಲ್ಲಿ ಹೈವೇ ಬದಿಗೆ ನಿಂತಾಗ ಲಾರಿ ಸರ್ರನೆ ಹೋದರೆ ತಲೆಯ ಮೇಲಿನ ಬುಟ್ಟಿಯೇ ವಾಲುತ್ತಿತ್ತು. ಆ ಲಾರಿಗಳ ಓಟ ಅರವತ್ತು. ನೂರೆಂದರೆ ಹೇಗಿದ್ದೀತು? ಅಟ್ಟದ ಮೇಲಿರುವುದು ಬರೀ ತಗಡು. ಹೊಳೆಯ ಅಂಚಿಗೆ ಹೋಗಿ ನೋಡಿದಳು. ನೀರು ಇನ್ನೂ ತಿಳಿಯಾಗಿತ್ತು. ತೆರೆಗಳು ಮಾತ್ರ ಗಾಳಿಗೆ ಸಿಕ್ಕಿ ಹರಿವಿಗೆ ಎದುರಾಗಿ ಓಡುತ್ತಿದ್ದವು. ಇಂಥದ್ದನ್ನು ಅವಳು ಕಂಡಿರಲಿಲ್ಲ. ಕೆಲಸ ಬಿಟ್ಟು ತುಸು ಹೊತ್ತು ನೋಡುತ್ತಲೇ ನಿಂತಳು.

ಬೆಲ್ಲದ ಗಾಣದ ಒಲೆಗೆ ಇಳಿಯೋಣ ಎಂದು ಮಾವ ಮಲಕಾರಿಗೆ ಹೇಳಿದಳು. ಆಳುದ್ದ ತೋಡಿದ ಒಲೆ. ಮೇಲೆ ಹತ್ತು ಮಂದಿ ಎತ್ತುವಂಥ ಕಬ್ಬಿಣದ ಕಡಾಯಿ, ಬದಿಗೆ ಉರಿ ಹಾಕುವ ಬಾಯಿ.

"ಹೊಳಿ ಬಂದ್ರ ಆ ತಗ್ಗಿನ್ಯಾಗ ಇಲಿ ಸತ್ತಂಗ ಸಾಯ್ತೀವಿ. ನಿಪ್ಪಾಣ್ಯಾಗ ತಂಬಾಕ ಒಣಗಿಸಿದಾಕಿಗೆ ಹೊಳಿ ಏನ್ ಗೊತ್ತು?"

"ಹೊಳಿ ನನಗ ಗೊತ್ತಿಲ್ರಿ ಮಾವಾರ. ಗಾಳಿ ನಿಮಗೂ ಗೊತ್ತಿಲ್ಲ."

ಮಗಳನ್ನು ಸೊಂಟಕ್ಕೆ ಏರಿಸಿಕೊಂಡು ಒಲೆಯ ಬಾಯಿಂದ ಒಳಗೆ ಇಳಿದೇಬಿಟ್ಟಳು. ಎಳೆದು ತರಲೆಂದು ಮಲಕಾರಿ ಬೈಯುತ್ತ ಬಂದ. ಅವನು ಬಗ್ಗಿದ್ದಾಗಲೇ ದನದ ಕೊಟ್ಟಿಗೆಯ ತಗಡುಗಳು ಕಿತ್ತುಕೊಂಡು ಕಬ್ಬಿನ ಮೇಲೆ ಹಾರಿಹೋದವು. ಅವನೂ ಒಳಗೆ ತೂರಿದ. ಅವನ ಬೆನ್ನಿಗೆ ಉಳಿದ ಮೂರು ಮನೆಯವರೂ ನುಗ್ಗಿದರು.

ಬೂದಿ, ಕತ್ತಲೆ, ಹನ್ನೊಂದು ಜನರ ಬೆವರು. ಮೇಲೆ ಕಡಾಯಿ ಗುಂಯ್‌ಗುಡುತ್ತಿತ್ತು. ಭೀಮಾಬಾಯಿ ಎಲ್ಲರಿಗಿಂತ ಕೆಳಗೆ, ಒಲೆಯ ಬಾಯಿಯ ಬುಡದಲ್ಲೇ, ಅಂಗಾಲನ್ನು ನೆಲಕ್ಕೊತ್ತಿ ಕುಳಿತಿದ್ದಳು. ನೀರು ಬಂದರೆ ಮೊದಲು ತನಗೆ ತಿಳಿಯಬೇಕು.

ಅರ್ಧ ತಾಸಿನ ಮೇಲೆ ಅಂಗಾಲು ಒದ್ದೆಯಾಯಿತು.

ಒಲೆಯ ಬಾಯಿಗೆ ಕೈಚಾಚಿ, ಅಲ್ಲಿಂದ ಇಳಿದು ಬರುತ್ತಿದ್ದ ನೀರನ್ನು ಬೊಗಸೆಯಲ್ಲಿ ಹಿಡಿದು ಬೆರಳಲ್ಲಿ ತಿಕ್ಕಿದಳು. ಹೊಳೆ ಏರಿ ಬಂದ ನೀರಾದರೆ ಅದರಲ್ಲಿ ಮಣ್ಣು, ಮರಳು ಇರಬೇಕು. ನುಣ್ಣಗಿತ್ತು. ಮತ್ತೊಮ್ಮೆ ತಿಕ್ಕಿದಳು.

"ಮಳಿ ನೀರ್ರಿ," ಎಂದಳು.

ಮಲಕಾರಿ ನಂಬಲಿಲ್ಲ. ಅವಳನ್ನು ದಾಟಿ ಕೈಚಾಚಿ, ತಾನೂ ನೀರು ಹಿಡಿದು ತಿಕ್ಕಿದ. ಬಾಯಿಗೂ ಹಾಕಿಕೊಂಡು ನೋಡಿದ. ಮೇಲೆ ಅವನ ಮನೆಯ ಅಟ್ಟ ಮುರಿದು ಬಿದ್ದ ಸಪ್ಪಳ ಕೇಳಿಸಿತು. ಅವನು ಕೈ ಒರೆಸಿಕೊಂಡು, ಮೊಮ್ಮಗಳನ್ನು ತನ್ನ ತೊಡೆಗೆ ಎಳೆದುಕೊಂಡ.