ಎಪ್ಪತ್ತಮೂರನೆಯ ನುಡಿ

ಕರಾರು ಪತ್ರವನ್ನು ಅಡುಗೆಮನೆಯ ಮೇಜಿನ ಮೇಲೆ ಹರಡಿ, ಸಹಿ ಹಾಕಬೇಕಾದ ಗೆರೆಯ ಪಕ್ಕದಲ್ಲೇ ಪೆನ್ನನ್ನೂ ಇಟ್ಟು ಕಾರ್ಟ್ನಿ ಕೈಕಟ್ಟಿ ಕುಳಿತ. ಅವನದು ಟೋರ್ಶಾವ್ನ್‌ನ ವಾದ್ಯತಂಡ. ಫೆರೋ ದ್ವೀಪಗಳಲ್ಲಿ ಬೇಸಿಗೆಯ ಮದುವೆ ಎಂದರೆ ಜನ ಮೊದಲು ಅವನಿಗೆ ಫೋನ್ ಮಾಡುತ್ತಾರೆ. ಈ ಮದುವೆ ಇರುವ ಜುಲೈಯ ಅದೇ ಶನಿವಾರಕ್ಕೆ ಇನ್ನೊಂದು ಜೋಡಿ ಕಾದಿದೆಯೆಂದೂ, ಸಂಜೆಯೊಳಗೆ ಅವರಿಗೆ ಏನಾದರೊಂದು ಹೇಳಬೇಕೆಂದೂ ಬಂದ ಕೂಡಲೇ ತಿಳಿಸಿದ್ದ. ನಾಲ್ಕು ಗಂಟೆಯ ದೋಣಿಗೆ ಅವನು ಹೊರಡಬೇಕು. ಈಗ ಮೂರು ದಾಟಿತ್ತು.

ಮದುಮಗಳು ರನ್ನವಾ ಪತ್ರವನ್ನು ಎರಡು ಸಲ ಓದಿದ್ದಳು. ಎರಡನೆಯ ಹಾಳೆಯಲ್ಲಿ ಒಂದು ಸಾಲು ಇತ್ತು: ಮಧ್ಯಾಹ್ನದಿಂದಲೇ ಸಭಾಂಗಣದ ಅರ್ಧ ನೆಲ ತಂಡದ ವೇದಿಕೆಗೆ ಬಿಡಬೇಕು, ಕೊನೆಯ ಹಾಡು ಮುಗಿಯುವವರೆಗೆ ಅದನ್ನು ಕದಲಿಸುವಂತಿಲ್ಲ. ಊರಿನ ಸಭಾಂಗಣ ಚಿಕ್ಕದು. ಅರ್ಧ ನೆಲ ಹೋದರೆ ಉಳಿದದ್ದರಲ್ಲಿ ಸುತ್ತು ಕುಣಿತ ಆಗದು. ಮೇಜಿನ ಸುತ್ತ ಕುಳಿತ ನಾಲ್ವರಿಗೂ ಅದು ಗೊತ್ತಿತ್ತು.

ಅವಳ ಬಲಗಡೆ ಅತ್ತೆಯಾಗಲಿರುವ ಎಲ್ಸ್ಪಾ. ಕಾರ್ಟ್ನಿಯನ್ನು ಹಿಡಿದು ತಂದವಳು ಅವಳೇ. ಕಿಟಕಿಯ ಹತ್ತಿರ, ಬೆಳಕಿಗೆ ಬೆನ್ನು ಕೊಟ್ಟು ಅಪ್ಪ ಡಾನ್ಯಾಲ್. ಅವನ ಮುಂದಿನ ಕಾಫಿ ಆರಿ ಕೆನೆ ಕಟ್ಟಿತ್ತು. ವರ ರೋಯಿ ಮೀನಿನ ಹಡಗಿನಲ್ಲಿ ಉತ್ತರ ಸಮುದ್ರದ ಕಡೆ ಇದ್ದ. ಬೆಳಿಗ್ಗೆ ಫೋನಿನಲ್ಲಿ, ನಿನಗೆ ಸರಿ ಅನ್ನಿಸಿದ್ದನ್ನು ಮಾಡು ಎಂದಷ್ಟೇ ಹೇಳಿದ್ದ. ಅವಳಿಗೆ ಸರಿ ಅನ್ನಿಸಿದ್ದು ಯಾವುದೆಂದು ಅವನು ಕೇಳಲಿಲ್ಲ.

ಮೂವತ್ತು ವರ್ಷ ಆ ಊರಿನ ಪ್ರತಿ ಮದುವೆಯಲ್ಲೂ ಹಾಡು ಎತ್ತಿದವನು ಅಪ್ಪ. ಅಲ್ಲಿನ ಸುತ್ತು ಕುಣಿತಕ್ಕೆ ವಾದ್ಯ ಇಲ್ಲ. ಊರಿಗೆ ಊರೇ ಕೈ ಕೈ ಹಿಡಿದು ಬಳೆಯಂತೆ ನಿಲ್ಲುತ್ತದೆ. ಎಡಕ್ಕೆ ಎರಡು ಹೆಜ್ಜೆ, ಹಿಂದಕ್ಕೆ ಒಂದು. ಒಬ್ಬ ನುಡಿ ಎತ್ತುತ್ತಾನೆ, ಉಳಿದವರು ಪಲ್ಲವಿ ಹಿಡಿಯುತ್ತಾರೆ. ನೂರಕ್ಕೂ ಹೆಚ್ಚು ನುಡಿಗಳ ಕಥೆ ಹಾಡು, ಕಾಗದ ನೋಡುವ ಮಾತೇ ಇಲ್ಲ. ಎತ್ತುವವನು ತಾನಾಗಿ ಕೇಳದೆ ಅವನ ಬಾಯಿಗೆ ಯಾರೂ ಮಾತು ಹಾಕಬಾರದು. ಹಾಕಿದರೆ ಅವನನ್ನು ಹತ್ತು ಜನರ ಮುಂದೆ ತಳ್ಳಿದ ಹಾಗೆ.

ಹೋದ ಅಕ್ಟೋಬರಿನಲ್ಲಿ, ದೊಡ್ಡಪ್ಪನ ಮಗಳ ಮದುವೆಯಲ್ಲಿ, ಎಪ್ಪತ್ತೆರಡನೆಯ ನುಡಿ ಮುಗಿದ ಮೇಲೆ ಅಪ್ಪನ ಬಾಯಿಯಿಂದ ಏನೂ ಬರಲಿಲ್ಲ. ಜನ ಪಲ್ಲವಿಯನ್ನು ಇನ್ನೊಮ್ಮೆ ಹಾಡಿದರು. ಮತ್ತೊಮ್ಮೆ ಹಾಡಿದರು. ಆಮೇಲೆ ಹಾಡು ನಿಂತಿತು, ಹೆಜ್ಜೆ ಮಾತ್ರ ನಿಲ್ಲಲಿಲ್ಲ. ಇನ್ನೂರು ಪಾದಗಳು ಹಲಗೆಯ ಮೇಲೆ, ಎಡಕ್ಕೆ ಎರಡು, ಹಿಂದಕ್ಕೆ ಒಂದು, ಕಾಯುತ್ತಾ. ಅಪ್ಪ ಎರಡೂ ಕೈ ಬಿಡಿಸಿಕೊಂಡು ಬಾಗಿಲ ಕಡೆ ನಡೆದುಹೋದ. ಅವನ ಎಡಗೈ ಹಿಡಿದಿದ್ದವಳು ರನ್ನವಾ. ಮುಂದಿನ ನುಡಿ ಅವಳಿಗೆ ಬರುತ್ತಿತ್ತು.

ಅಂದಿನಿಂದ ಮನೆಯಲ್ಲಿ ಅದರ ಮಾತಿಲ್ಲ. ಮದುವೆಗೆ ವಾದ್ಯದವರನ್ನು ಕರೆಸೋಣ ಎಂದು ಎಲ್ಸ್ಪಾ ಸೂಚಿಸಿದಾಗ ಎಲ್ಲರಿಗಿಂತ ಮೊದಲು ಒಪ್ಪಿದವನು ಅಪ್ಪನೇ.

"ಏನು ಯೋಚನೆ?" ಎಂದಳು ಎಲ್ಸ್ಪಾ. "ಪೆನ್ನು ಕಚ್ಚಲ್ಲ."

ಕಾರ್ಟ್ನಿ ನಕ್ಕ. ನಿಮ್ಮ ಕಡೆಯವರಿಗೆ ಹಳೆಯ ಹಾಡೂ ಬೇಕಾಗಬಹುದು, ಅದಕ್ಕೂ ನಮ್ಮಲ್ಲಿ ವ್ಯವಸ್ಥೆ ಇದೆ ಎನ್ನುತ್ತಾ ಫೋನನ್ನು ಮೇಜಿನ ನಡುವೆ ಇಟ್ಟ. ಕಥೆ ಹಾಡನ್ನೇ ಡ್ರಮ್ ಬಡಿತಕ್ಕೆ ಕೂಡಿಸಿ ಧ್ವನಿಮುದ್ರಣ ಮಾಡಿದ್ದರು. ಕುಳಿತಲ್ಲೇ ಹೆಜ್ಜೆ ಹಾಕಬಹುದು, ನೆಲವೂ ಬೇಡ, ಎತ್ತುವವರೂ ಬೇಡ ಎಂದ.

ಅದೇ ಹಾಡು. ರಾಜನ ಮಗಳನ್ನು ಹೊತ್ತ ಹಡಗು, ಹುಟ್ಟು ಹಾಕುವ ಹದಿನಾರು ಆಳುಗಳು. ರನ್ನವಾಳ ಕಣ್ಣು ತನ್ನಷ್ಟಕ್ಕೆ ಮೇಜಿನ ಕೆಳಗೆ ಹೋಯಿತು. ಎಲ್ಸ್ಪಾಳ ಚಪ್ಪಲಿ ತಾಳ ಹಾಕುತ್ತಿತ್ತು. ಕಾರ್ಟ್ನಿಯ ಬೂಟು ಕೂಡ. ಉಣ್ಣೆಯ ಕಾಲುಚೀಲ ತೊಟ್ಟ ಅಪ್ಪನ ಪಾದಗಳೆರಡೂ ನೆಲಕ್ಕೆ ಅಂಟಿಸಿದಂತೆ ಸುಮ್ಮನಿದ್ದವು. ರೇಡಿಯೋದಲ್ಲಿ ಒಂದು ಸಾಲು ಬಂದರೂ ಹಿಟ್ಟು ನಾದುವುದನ್ನು ಬಿಟ್ಟು ಹೆಜ್ಜೆ ಹಾಕುತ್ತಿದ್ದ ಮನುಷ್ಯ.

ಹಾಡು ನಲವತ್ತನೆಯ ನುಡಿಯವರೆಗೆ ಬಂದು, ಒಂದು ಡ್ರಮ್ ಬಡಿತದ ಮೇಲೆ ಹಾರಿ, ತೊಂಬತ್ತಕ್ಕೆ ಇಳಿಯಿತು. ಕಥೆಯ ನಡುವಿನ ಬಿರುಗಾಳಿಯ ಭಾಗವೇ ಇರಲಿಲ್ಲ. ಉದ್ದ ಆದರೆ ಜನ ಬೇಸರ ಪಡುತ್ತಾರೆ ಎಂದು ಕಾರ್ಟ್ನಿ ವಿವರಿಸಿದ.

"ಚೆನ್ನಾಗಿದೆ," ಎಂದ ಅಪ್ಪ. "ಇದು ಮರೆಯಲ್ಲ. ಹಾಕು ಮಗಳೇ, ಸಹಿ ಹಾಕು."

ಹವಾಮಾನ ಹೇಳುವವರ ಧ್ವನಿ ಅದು. ಆರು ತಿಂಗಳಿಂದ ಅವನು ಮನೆಯಲ್ಲಿ ಹಾಗೆಯೇ ಮಾತನಾಡುತ್ತಿದ್ದ. ರನ್ನವಾ ಪೆನ್ನು ಎತ್ತಿಕೊಂಡಳು. ಮೊನೆ ಕಾಗದಕ್ಕೆ ತಾಗಿತು, ಅಲ್ಲೊಂದು ನೀಲಿ ಚುಕ್ಕೆ ಮೂಡಿ ನಿಧಾನವಾಗಿ ಅಗಲವಾಯಿತು. ಇದಕ್ಕೆ ಸಹಿ ಹಾಕಿದರೆ ಅಪ್ಪ ಇನ್ನೆಂದೂ ಹಾಡು ಎತ್ತುವುದಿಲ್ಲ. ಮಗಳ ಮದುವೆಯಲ್ಲೇ ಬೇಡವಾದವನನ್ನು ಬೇರೆ ಯಾರು ಕರೆದಾರು? ಅವನಿಗೆ ನೋವಾಗಬಾರದೆಂದೇ ಎಲ್ಲರೂ ಸೇರಿ ಅವನನ್ನು ಮೆಲ್ಲಗೆ ಮೂಲೆಗೆ ಕೂರಿಸುತ್ತಿದ್ದೇವೆ, ಅದಕ್ಕೆ ಹೆಸರು ಹಾಕುವವಳು ನಾನು.

ಅವಳು ಪೆನ್ನನ್ನು ಕೆಳಗಿಟ್ಟಳು.

"ನನಗೆ ಬೇಡ, ಅತ್ತೆ."

ಎಲ್ಸ್ಪಾಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದ ಮೇಲೆ ಕೆಂಪಾದಳು. ಎರಡು ತಿಂಗಳು ಬೆನ್ನು ಬಿದ್ದು ಈ ಶನಿವಾರವನ್ನು ಗಿಟ್ಟಿಸಿದ್ದು, ಕಾರ್ಟ್ನಿ ಎರಡು ದೋಣಿ ಬದಲಿಸಿ ಬಂದದ್ದು, ಅತಿಥಿಗಳಿಗೆಲ್ಲ ಹೇಳಿಯಾದದ್ದು, ಎಲ್ಲವನ್ನೂ ಒಂದೊಂದಾಗಿ ಹೊರಗೆ ತೆಗೆದಳು. ಕೊನೆಗೆ, ಆ ಮನೆಯಲ್ಲಿ ಯಾರೂ ಆಡದಿದ್ದ ಮಾತೂ ಹೊರಬಿತ್ತು.

"ಅವತ್ತಿನ ಹಾಗೆ ಮತ್ತೆ ನಿಂತುಹೋದ್ರೆ? ನಮ್ಮ ಕಡೆಯ ನೂರು ಜನ ನೋಡ್ತಿರ್ತಾರೆ. ನಿಮ್ಮಪ್ಪನ ಮಾನ ಉಳಿಸೋಕೆ ತಾನೇ ಇಷ್ಟೆಲ್ಲ ಮಾಡಿದ್ದು ನಾನು?"

ಕಾರ್ಟ್ನಿ ತನ್ನ ಬೆರಳುಗಳನ್ನು ನೋಡಿಕೊಂಡ. ರನ್ನವಾ ಅಪ್ಪನ ಕಡೆ ತಿರುಗಿದಳು. ಬೆಳಕು ಬೆನ್ನಿಗಿದ್ದುದರಿಂದ ಅವನ ಮುಖ ಕಾಣುತ್ತಿರಲಿಲ್ಲ.

"ಅಪ್ಪ, ಅವತ್ತು ನನಗೆ ಅದು ಬರ್ತಿತ್ತು," ಎಂದಳು. "ಹುಟ್ಟು ಮುರಿಯಿತು, ಹಗ್ಗ ಹರಿಯಿತು, ದಡವೆಲ್ಲೋ ಕಾಣದು. ಪೂರ್ತಿ ಬರ್ತಿತ್ತು."

ಅಪ್ಪ ಉತ್ತರಿಸಿದ.

"ಗೊತ್ತು."

"ಏನು ಗೊತ್ತು?"

"ನೀನು ಉಸಿರು ಎಳ್ಕೊಂಡೆ. ಕೇಳಿಸ್ತು. ಈಗ ಎತ್ತುತ್ತಾಳೆ ಅಂತ ಕಾದೆ." ಅವನು ಆರಿದ ಕಾಫಿಯನ್ನು ಸ್ವಲ್ಪ ಆಚೆ ತಳ್ಳಿದ. "ನೀನು ಬಿಟ್ಟುಬಿಟ್ಟೆ."

"ನೀನು ಮುಂದೆ ಇರುವಾಗ ನಾನು ಬಾಯಿ ಹಾಕೋದು ಹೇಗೆ? ನೀನು ಕೇಳಲಿಲ್ಲ."

"ಕೇಳೋಕೆ ನನಗೂ ಬಾಯಿ ಬರಲಿಲ್ಲ."

ಆರು ತಿಂಗಳು ಅವಳು ಅಂದುಕೊಂಡಿದ್ದೇ ಬೇರೆ. ಮರೆತ ಅವಮಾನಕ್ಕೆ ಅಪ್ಪ ಮೌನವಾಗಿದ್ದಾನೆ ಎಂದು ತಿಳಿದಿದ್ದಳು. ಇಷ್ಟು ದಿನವೂ ಅವನು ಮಗಳ ಆ ಅರ್ಧ ಉಸಿರನ್ನೇ ಎದೆಯಲ್ಲಿಟ್ಟುಕೊಂಡು ಓಡಾಡಿದ್ದ. ಮರ್ಯಾದೆ ಎಂದುಕೊಂಡು ಅವಳು ನುಂಗಿದ್ದು ಅವನಿಗೆ ಕೈಬಿಟ್ಟ ಹಾಗೆ ಕೇಳಿಸಿತ್ತು.

ಕಾರ್ಟ್ನಿ ಹಾಳೆಗಳನ್ನು ಜೋಡಿಸಿ ಚೀಲಕ್ಕೆ ಸೇರಿಸಿದ. ಈ ಬಾಗಿಲು ದಾಟಿದರೆ ಶನಿವಾರ ಆ ಇನ್ನೊಂದು ಜೋಡಿಯದು, ನಾಳೆ ಮನಸ್ಸು ಬದಲಾಯಿತು ಎಂದರೆ ತನ್ನಿಂದ ಏನೂ ಆಗದು ಎಂದು ಸ್ಪಷ್ಟವಾಗಿ ಹೇಳಿದ. ರನ್ನವಾ ತಲೆಯಾಡಿಸಿದಳು. ಅವನಿಗೆ ಸಿಟ್ಟು ಬಂದಂತೆ ಕಾಣಲಿಲ್ಲ.

"ನನ್ನ ಮದುವೇಲೂ ನನ್ನ ತಂಡ ನುಡಿಸಿಲ್ಲ," ಎಂದ, ಕೋಟು ಹಾಕಿಕೊಳ್ಳುತ್ತಾ. "ಅಜ್ಜಿ ಬಾಗಿಲಲ್ಲೇ ನಿಂತಿದ್ದಳು, ಗಿಟಾರು ಒಳಗೆ ಬಂದರೆ ತಾನು ಹೊರಗೆ ಅಂತ."

ಎಲ್ಸ್ಪಾ ಅವನ ಹಿಂದೆಯೇ ಎದ್ದಳು. ಹೊಸ್ತಿಲಲ್ಲಿ ನಿಂತು ಡಾನ್ಯಾಲನನ್ನೊಮ್ಮೆ, ರನ್ನವಾಳನ್ನೊಮ್ಮೆ ನೋಡಿದಳು. ಜುಲೈಯಲ್ಲಿ ಏನೇ ಆದರೂ ನನ್ನನ್ನು ದೂರಬೇಡಿ ಬೀಗರೇ ಎಂದು ಹೇಳಿ ಹೋದಳು. ರೋಯಿಗೆ ಇಂದೇ ಫೋನ್ ಹೋಗುತ್ತದೆ ಎಂದು ರನ್ನವಾಗೆ ಗೊತ್ತಿತ್ತು. ಹೋಗಲಿ. ನಾನೂ ಹೇಳಬೇಕು, ಹೇಳುತ್ತೇನೆ.

ಇಬ್ಬರೇ ಉಳಿದರು. ಕಿಟಕಿಯಾಚೆ ಮಂಜು ಇಳಿದು ಎದುರಿನ ಗುಡ್ಡದ ಕುರಿಗಳನ್ನು ಅಳಿಸಿಹಾಕಿತ್ತು.

"ತಪ್ಪು ಮಾಡಿದೆ ನೀನು," ಎಂದ ಅಪ್ಪ. "ನಾನು ಎತ್ತಲ್ಲ. ನನ್ನ ತಲೆಯನ್ನ ನಾನೇ ನಂಬಲ್ಲ ಈಗ."

"ಎತ್ತು. ನಿಂತರೆ ನಾನು ಎತ್ಕೋತೀನಿ. ನೀನು ಕೇಳೋದೂ ಬೇಡ."

"ಊರು ಏನನ್ನುತ್ತೆ?"

"ಏನಾದರೂ ಅನ್ನಲಿ. ನನ್ನ ಮದುವೆ."

ಅವನು ಕಾಫಿಯ ಬಟ್ಟಲನ್ನು ತೊಳೆಯುವ ತೊಟ್ಟಿಯಲ್ಲಿ ಇಟ್ಟು, ನಲ್ಲಿ ಬಿಟ್ಟು, ನಿಲ್ಲಿಸಿದ. ತಿರುಗಲಿಲ್ಲ.

"ಎಲ್ಲಿವರೆಗೆ ಬರುತ್ತೆ ನಿನಗೆ?"

"ತೊಂಬತ್ತರವರೆಗೆ. ಆಮೇಲೆ ಅಲ್ಲಲ್ಲಿ."

"ನೂರ ಹದಿನಾಲ್ಕಿವೆ."

"ಗೊತ್ತು."

ಅಪ್ಪ ಅಂಗಿಗೆ ಕೈ ಒರೆಸಿಕೊಂಡು ಬಂದು, ಕುರ್ಚಿಗಳನ್ನು ಒಂದೊಂದಾಗಿ ಗೋಡೆಗೆ ಸರಿಸಿ, ಮೇಜಿನ ಒಂದು ತುದಿಯನ್ನು ಹಿಡಿದ.

"ಆ ಕಡೆ ಹಿಡಿ," ಎಂದ. "ಇಲ್ಲಿ ಹೆಜ್ಜೆ ಹಾಕೋಕೆ ಜಾಗ ಸಾಲಲ್ಲ."