ಅತ್ತೆ ಅಂತ ಹುಡುಕಿದಾಗ ಸಿಕ್ಕವರು

೧

ಸಕ್ಕರೆ ಡಬ್ಬಿಯಿಂದ ಶುರು ಮಾಡಲೇ, ಸರ್ಚ್ ಪೆಟ್ಟಿಗೆಯಿಂದಲೇ? ಮೊದಲ ಡ್ರಾಫ್ಟ್‌ನಲ್ಲಿ ಒಬ್ಬ ಹ್ಯಾಕರ್ ಇದ್ದ. ಬೀಗವೇ ಇಲ್ಲದ ಬಾಗಿಲ ಮುಂದೆ ಅವನಿಗೇನು ಕೆಲಸ? ಮನೆಗೆ ಕಳಿಸಿದೆ.

೨

ಉಳಿದವಳು ಒಬ್ಬ ಮಗಳು. ಕಂಪನಿಗಳ ಯಾವ ಪುಟ ಲೋಕಕ್ಕೆಲ್ಲ ತೆರೆದುಕೊಂಡು ಬಿದ್ದಿದೆ ಎಂದು ಹುಡುಕಿ ಹೇಳುವುದು ಅವಳ ಉದ್ಯೋಗ. ಸರ್ಚ್ ಪೆಟ್ಟಿಗೆಯಲ್ಲಿ ಪದದ ಮುಂದೆ 'ಇನ್‌ಟೈಟಲ್' ಎಂದು ಸೇರಿಸಿದರೆ, ಶೀರ್ಷಿಕೆಯಲ್ಲಿ ಆ ಪದವಿರುವ ಪುಟಗಳಷ್ಟೇ ಸಿಗುತ್ತವೆ. ಊಟದ ಬಿಡುವಿನಲ್ಲಿ ಅವಳು ಸುಮ್ಮನೆ ಅದರ ಜೊತೆ 'ಅತ್ತೆ' ಎಂದು ಹೊಡೆದಳು. (ಅವತ್ತು ಅವಳಿಗೆ ತನ್ನ ಅತ್ತೆಯ ಮೇಲೆ ಸಿಟ್ಟಿತ್ತು. "ಅದನ್ನೂ ಬರೀಬೇಕಾ?" ಎಂದು ನನ್ನನ್ನು ಬೈದಳು.)

'ಅತ್ತೆ ಮತ್ತು ಸಕ್ಕರೆ ಡಬ್ಬಿ' ಎಂಬ ಪುಟ ಬಂತು. ತೆರೆದರೆ ಯಾರದೋ ಅಡುಗೆಮನೆಯ ಕ್ಯಾಮೆರಾ. ಒಬ್ಬ ಹೆಂಗಸು ಬಾಗಿಲ ಕಡೆ ಕಣ್ಣಿಟ್ಟು ಡಬ್ಬಿಗೆ ಚಮಚ ಹಾಕುತ್ತಿದ್ದಾಳೆ. ಇವಳದೇ ಅಮ್ಮ! ಡಾಕ್ಟರು ಸಕ್ಕರೆ ಬೇಡವೆಂದ ಮೇಲೆ ಅತ್ತಿಗೆ ಹಾಕಿಸಿದ ಕ್ಯಾಮೆರಾ ಅದು, ಅದರ ಪುಟಕ್ಕೆ ಹೆಸರಿಟ್ಟವಳೂ ಅವಳೇ. 'ಅಮ್ಮ' ಎಂದು ಹುಡುಕಿದ್ದರೆ ಈ ಜನ್ಮದಲ್ಲಿ ಸಿಗುತ್ತಿರಲಿಲ್ಲ.

೩

ಮಗಳು ಫೋನ್ ಮಾಡಿದಳು. "ಅಮ್ಮಾ, ಚಮಚ ಕೆಳಗಿಡು."

ಅಮ್ಮ ಬೆಚ್ಚಿದರು. "ಎಲ್ಲಿದ್ದೀಯೇ?"

"ಆಫೀಸಲ್ಲಿ. ಮೇಲಿರೋ ಕ್ಯಾಮೆರಾದಲ್ಲಿ ಕಾಣ್ತಿದ್ದೀಯ. ನಾನೊಬ್ಬಳೇ ಅಲ್ಲ, ಯಾರು ಬೇಕಾದ್ರೂ ನೋಡಬಹುದು."

ಅಮ್ಮ ಕೂದಲು ಸರಿಮಾಡಿಕೊಂಡರು. ಮುಖ ಸಣ್ಣದಾಯಿತು. "ಅದನ್ನ ಯಾರೂ ನೋಡಲ್ಲ ಅಂದ್ಕೊಂಡಿದ್ದೆ. ಒಂದು ಚಮಚ ಸಕ್ಕರೆಗೆ ಇಷ್ಟು ಜನಾನೇ? ನಿಮ್ಮತ್ತಿಗೆಗೆ ಮಾತ್ರ ಹೇಳಬೇಡ ಕಣೇ. ತಲೆ ಎತ್ತಿಕೊಂಡು ಓಡಾಡೋದು ಹೇಗೆ?"

ಹೇಳದೆ ಪಾಸ್‌ವರ್ಡ್ ಹಾಕಿಸುವುದು ಹೇಗೆ? ಹೇಳಿದರೆ ಅಮ್ಮನ ಮಾನ ಮನೆಯವರ ಮುಂದೆ ಹೋಗುತ್ತದೆ, ಹೇಳದಿದ್ದರೆ ಲೋಕದ ಮುಂದೆ.

೫

(ನಾಲ್ಕನ್ನು ಹರಿದುಹಾಕಿದೆ. ಅದರಲ್ಲಿ ಎಲ್ಲರೂ ಅಳುತ್ತಿದ್ದರು.)

ಮಗಳು ಅತ್ತಿಗೆಗೆ ಫೋನ್ ಮಾಡಿ, ಕ್ಯಾಮೆರಾ ಲೋಕಕ್ಕೆಲ್ಲ ತೆರೆದುಕೊಂಡಿದೆ ಎಂದಷ್ಟೇ ಹೇಳಿದಳು.

"ನಿಮ್ಮಣ್ಣ ಪಾಸ್‌ವರ್ಡ್ ಮರೀತಾರೆ ಅಂತ ನಾನೇ ತೆಗೆದುಬಿಟ್ಟಿದ್ದೆ," ಎಂದಳು ಅತ್ತಿಗೆ ಫೋನಿನಲ್ಲಿ, ಗಾಬರಿಯಿಂದ. "ಈಗಲೇ ಹಾಕ್ತೀನಿ. ನಂಗೆ ನೋಡೋಕೆ ಪುರುಸೊತ್ತೆಲ್ಲಿ? ಹೆದರಿಕೆ ಇರಲಿ ಅಂತ ಹಾಕಿಸಿದ್ದು. ಅದಿರಲಿ, ನೀನು ನೋಡಿದಾಗ ಅತ್ತೆ ಏನು ಮಾಡ್ತಿದ್ರು?"

ಅಂತ್ಯ ಒಂದು: ಮಗಳು ನಿಜ ಹೇಳುತ್ತಾಳೆ. ಅಂತ್ಯ ಎರಡು: "ಯಾರೂ ಇರಲಿಲ್ಲ ಅತ್ತಿಗೆ" ಎನ್ನುತ್ತಾಳೆ. ಎರಡನ್ನೂ ಬಿಟ್ಟು ಮುಕ್ತ ಅಂತ್ಯವೇ ಇರಲಿ ಎಂದುಕೊಂಡೆ. ಆಗ ಅಮ್ಮ ನೇರವಾಗಿ ನನ್ನ ಕಡೆ ತಿರುಗಿದರು.

"ಮುಕ್ತ ಗಿಕ್ತ ಏನೂ ಬೇಡಪ್ಪ. ತೆರೆದಿಟ್ಟಿದ್ದಕ್ಕೇ ತಾನೆ ಇಷ್ಟೆಲ್ಲ ಆಗಿದ್ದು? ನೀವು ಹೊರಡಿ. ನಿಮ್ಮ ಹಿಂದೆ ಇಣುಕ್ತಿದ್ದಾರಲ್ಲ ಓದೋರು, ಅವರನ್ನೂ ಕರ್ಕೊಂಡು ಹೋಗಿ."

ಅಷ್ಟರಲ್ಲಿ ಅತ್ತಿಗೆ ಪಾಸ್‌ವರ್ಡ್ ಹಾಕಿದಳು. ಪರದೆ ಕಪ್ಪಾಯಿತು.

ಮಗಳು ಕೊಟ್ಟ ಉತ್ತರ ನನಗೆ ಗೊತ್ತು. ಹೇಳುವುದಿಲ್ಲ. ಅದು ಅವರ ಮನೆಯ ವಿಷಯ.